ಈ ಬೆಳೆ ಆಗೋಗ್ಲಿ

ಹುಳ ಹಣ್ಣಾಗಿದೆ ಅಂದುಬಿಟ್ಟರೆ ನಮ್ಮ ಸಾತನೂರಿನ ಸುತ್ತಮುತ್ತ ಯಾರೂ ಮರುಮಾತಾಡುವುದಿಲ್ಲ. ಮದುವೆಗೆ ಯಾಕೆ ಬರಲಿಲ್ಲ? ಹುಳ ಹಣ್ಣಾಗಿತ್ತು. ಬಾಣಂತಿಯನ್ನು ನೋಡಲು ಯಾಕೆ ಬರಲಿಲ್ಲ? ಹುಳ ಹಣ್ಣಾಗಿತ್ತು. ರೇಷ್ಮೆ ಹುಳ ಸೊಪ್ಪು ತಿನ್ನುವುದನ್ನು ಬಿಟ್ಟು, ಮೈ ಹಳದಿ ತಿರುಗಿ, ನೂಲು ಬಿಡಲು ತಲೆಯೆತ್ತಿ ಆಡಿಸುವ ಆ ಎರಡು ಮೂರು ದಿನಗಳಿಗೆ ನಾವು ಹಣ್ಣು ಅನ್ನುತ್ತೇವೆ. ಆಗ ಒಂದೊಂದನ್ನೂ ಆರಿಸಿ, ಗೂಡು ಕಟ್ಟಲು ಬಿದಿರಿನ ಚಂದ್ರಿಕೆಗೆ ಬಿಡದಿದ್ದರೆ ಅಷ್ಟು ದಿನದ ದುಡಿಮೆ ತಿಪ್ಪೆಗೆ. ಅದಕ್ಕೇ ಈ ನೆವಕ್ಕೆ ಯಾರೂ ಎದುರು ಹೇಳುವುದಿಲ್ಲ. ಹೇಳಬೇಕಾದವರ ಮನೆಯಲ್ಲೂ ಹುಳ ಇರುತ್ತದೆ.

ಈ ನೆವವನ್ನು ನಾನು ನಾಲ್ಕು ಬೆಳೆಯವರೆಗೆ ಎಳೆದೆ. ಅಷ್ಟರಲ್ಲಿ ನನ್ನ ಗಂಡನ ಎಡಗಣ್ಣು ಹೋಯಿತು. ಬಲಗಣ್ಣಿನಲ್ಲೂ ಒಸಿ ಮಾತ್ರ ಉಳಿದಿದೆ. ಇದನ್ನು ಮೊದಲೇ ಹೇಳಿಬಿಡುತ್ತೇನೆ. ಕೊನೆಯವರೆಗೆ ಬಚ್ಚಿಟ್ಟು ಆಮೇಲೆ ಅಳಿಸುವ ಬುದ್ಧಿ ನನಗಿಲ್ಲ. ಎದುರಿಗೆ ಅವನನ್ನು ‘ಏನ್ರೀ’ ಎಂದೇ ಕರೆಯುತ್ತೇನೆ, ಮದುವೆಯಾದ ದಿನದಿಂದಲೂ. ಹಾಳೆಯ ಮೇಲೆ ಮಾತ್ರ ‘ಅವನು’ ಅನ್ನುತ್ತೇನೆ. ಇಷ್ಟಾದರೂ ಇರಲಿ ನನಗೆ.

ಮೊದಮೊದಲು ಬಾಗಿಲ ಚೌಕಟ್ಟಿಗೆ ಭುಜ ತಾಗಿಸಿಕೊಳ್ಳುತ್ತಿದ್ದ. ಅಂಗಳದಲ್ಲಿಟ್ಟ ಬಕೆಟ್ಟು ಎಡವಿ, ‘ಯಾವಳೇ ಇದನ್ನ ದಾರೀಲಿ ಮಡಗಿದೋಳು’ ಎಂದು ಕೂಗಾಡುತ್ತಿದ್ದ. ಮನೆಯಲ್ಲಿದ್ದವಳು ನಾನೊಬ್ಬಳೇ. ಆದರೂ ಯಾವಳೇ ಅನ್ನುವುದೇ ಅವನ ರೂಢಿ. ಒಬ್ಬಳೇ ಮಗಳು ಮಾಗಡಿಯ ಒಂದು ಶಾಲೆಯಲ್ಲಿ ಪಾಠ ಮಾಡುತ್ತಾಳೆ, ಅಲ್ಲೇ ರೂಮು ಮಾಡಿಕೊಂಡಿದ್ದಾಳೆ. ರಜೆಗೆ ಬಂದವಳು ಅಪ್ಪನ ಎಡವಾಟ ನೋಡಿ, ಸಾತನೂರಿನಲ್ಲಿ ನಡೆಯುತ್ತಿದ್ದ ಕಣ್ಣಿನ ಕ್ಯಾಂಪಿಗೆ ನಮ್ಮಿಬ್ಬರನ್ನೂ ಎಳೆದುಕೊಂಡು ಹೋದಳು.

ಕಣ್ಣಿನೊಳಗೆ ಒತ್ತಡ ಜಾಸ್ತಿಯಾಗಿದೆ, ಗ್ಲಾಕೋಮಾ, ಹದಿನೈದು ದಿನದೊಳಗೆ ರಾಮನಗರದ ದೊಡ್ಡ ಕಣ್ಣಾಸ್ಪತ್ರೆಗೆ ಹೋಗಿ ಎಂದು ಕ್ಯಾಂಪಿನ ಡಾಕ್ಟರು ಚೀಟಿ ಬರೆದರು. ಹೋದ ನೋಟ ವಾಪಸ್ ಬರುವುದಿಲ್ಲ, ಇರುವುದನ್ನು ಉಳಿಸಿಕೊಳ್ಳಬಹುದು, ಈ ಕಾಯಿಲೆ ಸುತ್ತಲಿನ ನೋಟವನ್ನು ಮೊದಲು ತಿನ್ನುತ್ತದೆ, ನಡುವಿನದನ್ನು ಕೊನೆಗೆ ತಿನ್ನುತ್ತದೆ ಎಂದರು. ಹೇಳಿದ್ದು ನನಗೆ. ಚೀಟಿ ಕೊಟ್ಟದ್ದೂ ನನ್ನ ಕೈಗೇ. ಕನಕಪುರದ ಕಾಲೇಜಿನಲ್ಲಿ ಬಿ.ಎ. ಮಾಡಿದವಳು ನಾನು, ನನ್ನ ಮಾತಿನಲ್ಲಿ ಅದು ಗೊತ್ತಾಗುತ್ತದೆ. ಓದಿದವಳು, ಕರೆದುಕೊಂಡು ಬರುತ್ತಾಳೆ ಅಂದುಕೊಂಡಿರಬೇಕು ಪಾಪ.

ಮನೆಗೆ ಬಂದ ಮೇಲೆ ಅವನು ನಕ್ಕ. ‘ಬೆಳಿಗ್ಗೆ ಅಂಗೈ ಮ್ಯಾಲಿನ ಲಿಂಗ ಕಾಣ್ತದೆ. ಲಿಂಗ ಕಾಣೋ ಕಣ್ಣಿಗೆ ಏನ್ ಬಂದದೆ ರೋಗ?’ ಎಂದ. ಇಷ್ಟಲಿಂಗವನ್ನು ಎಡ ಅಂಗೈಯಲ್ಲಿಟ್ಟು, ಮುಖದ ನೇರಕ್ಕೆ ಹಿಡಿದು, ಅದನ್ನೇ ದಿಟ್ಟಿಸುವುದು ನಮ್ಮ ಮನೆಗಳ ಪೂಜೆ. ಅವನ ಪಾಲಿಗೆ ದಿನಾ ಬೆಳಿಗ್ಗೆ ಅದೇ ಕಣ್ಣಿನ ಪರೀಕ್ಷೆಯಾಯಿತು, ದಿನಾ ಪಾಸಾಗುತ್ತಿದ್ದ. ನೇರಕ್ಕೆ ಹಿಡಿದದ್ದು ಕೊನೆಯವರೆಗೂ ಕಾಣುತ್ತದೆ, ಅದನ್ನು ನೋಡಿ ಮೋಸ ಹೋಗಬಾರದು ಅನ್ನುವುದು ನನಗೆ ಗೊತ್ತಿತ್ತು. ನಾನು ಹೇಳಲಿಲ್ಲ. ‘ಸರಿ ಬುಡಿ, ಈ ಬೆಳೆ ಆಗೋಗ್ಲಿ, ಆಮೇಲೆ ಹೋಗಿ ಬರಾನ’ ಅಂದೆ.

ಮೊದಲ ಸಲ ನಿಜವಾಗಿಯೂ ಹುಳ ಹಣ್ಣಾಗಿತ್ತು. ಅದು ಸುಳ್ಳಲ್ಲ. ಗೂಡು ಬಿಡಿಸಿ, ರಾಮನಗರದ ಮಾರ್ಕೆಟ್ಟಿಗೆ ಸಾಗಿಸಿ, ಹುಳದ ಮನೆಗೆ ಬ್ಲೀಚಿಂಗ್ ಹೊಡೆದು ಸುಣ್ಣ ಚೆಲ್ಲುವ ಹೊತ್ತಿಗೆ ಮುಂದಿನ ಬೆಳೆಯ ಚಾಕಿ ಮರಿ, ಅಂದರೆ ಎಳೆ ಹುಳ, ಬಂದಾಗಿತ್ತು. ಮರಿ ಬಂದರೆ ಕೇಳಬೇಕೇ? ದಿನಕ್ಕೆ ಮೂರು ಹೊತ್ತು ಸೊಪ್ಪು. ಮೂರನೇ ಜ್ವರ, ನಾಲ್ಕನೇ ಜ್ವರ ಅಂತ ಹುಳ ಪೊರೆ ಬಿಡುವಾಗ ಕದಲದೆ ಕಾಯಬೇಕು. ನೋಡುವವರಿಗೆ ನಾನು ಹಗಲಿಡೀ ದುಡಿಯುವ ಹೆಂಗಸು. ನಮ್ಮ ಕಸುಬಿನಲ್ಲಿ ಒಂದು ಕೆಲಸ ಮುಂದಕ್ಕೆ ಹಾಕುವವಳು ಸುಮ್ಮನೆ ಕೂತಿರಬೇಕಾಗಿಲ್ಲ, ಇನ್ನೊಂದು ಕೆಲಸ ಮಾಡುತ್ತಾ ಬೆವರು ಸುರಿಸಿದರೆ ಸಾಕು.

ಮಗಳು ವಾರಕ್ಕೊಮ್ಮೆ ಫೋನ್ ಮಾಡಿ, ‘ಅಪ್ಪನ್ನ ಕರ್ಕೊಂಡೋದ್ಯಾ?’ ಎಂದು ಕೇಳುತ್ತಿದ್ದಳು. ನಾನು, ‘ಬರೋ ಸೋಮವಾರ’ ಅನ್ನುತ್ತಿದ್ದೆ. ಅವಳೇ ಬಂದು ಕರೆದೊಯ್ಯುತ್ತೇನೆ ಅಂದಾಗ ಅವನು, ‘ಮಗಳ ಕೈ ಹಿಡ್ಕೊಂಡು ಆಸ್ಪತ್ರೆ ಬಾಗಿಲು ಕಾಯೋನಲ್ಲ ನಾನು’ ಎಂದು ಹಾರಾಡಿದ. ಒಬ್ಬನೇ ಹೋಗಲು ಬಸ್ಸಿನ ಬೋರ್ಡು ಕಾಣುತ್ತಿರಲಿಲ್ಲ. ಕಾಣುವುದಿಲ್ಲ ಎಂದು ಊರಿಗೆ ಗೊತ್ತಾಗಬಾರದಿತ್ತು. ಉಳಿದವಳು ನಾನು.

ಎರಡನೇ ಬೆಳೆಯೂ ಮುಗಿದಾಗ ಮಗಳಿಗೆ ರೇಗಿತು. ‘ಅಲ್ಲವ್ವಾ, ಯಾಕೆ ಹಿಂಗೆ ಮುಂದಕ್ಕಾಕ್ತೀಯ? ಸೊಪ್ಪಿನ ರೋಗಕ್ಕೆಲ್ಲಾ ಆ ಎಐನ ಕೇಳ್ತೀಯಲ್ಲ, ಇದನ್ನೂ ಅದಕ್ಕೇ ಕೇಳು’ ಅಂದಳು. ನನ್ನ ಮೊಬೈಲಿಗೆ ಆ ಆ್ಯಪ್ ಹಾಕಿಕೊಟ್ಟವಳು ಅವಳೇ. ಎಲೆಯ ಮೇಲೆ ಬಿಳಿ ಬೂದಿ ಬಂದರೆ ಫೋಟೊ ತೆಗೆದು ಕೇಳುತ್ತಿದ್ದೆ, ಅದು ಔಷಧಿ ಹೇಳುತ್ತಿತ್ತು. ಒಂದು ಮಧ್ಯಾಹ್ನ ಸೊಪ್ಪು ಹಾಕಿ ಬಂದು, ಅಡುಗೆಮನೆಯ ಹೊಸ್ತಿಲ ಮೇಲೆ ಕೂತು ಟೈಪು ಮಾಡಿದೆ. ಒಂದು ಕೆಲಸವನ್ನು ತಿಂಗಳುಗಟ್ಟಲೆ ಮುಂದೂಡುತ್ತಿದ್ದೇನೆ, ಯಾಕೆ?

ಅದರ ಕನ್ನಡ ನಮ್ಮ ಹೈಸ್ಕೂಲಿನ ಮೇಷ್ಟರ ಕನ್ನಡ. ‘ಮುಂದೂಡುವುದು ಸೋಮಾರಿತನವಲ್ಲ. ಹೆಚ್ಚಾಗಿ ಅದು ಕಷ್ಟದ ಭಾವನೆಯೊಂದರಿಂದ ತಪ್ಪಿಸಿಕೊಳ್ಳುವ ರೀತಿ. ಆ ಕೆಲಸವನ್ನು ನೆನೆದಾಗ ನಿಮ್ಮ ದೇಹದಲ್ಲಿ ಎಲ್ಲಿ, ಏನು ಅನಿಸುತ್ತದೆ?’ ಎಂದು ಕೇಳಿತು. ಅಯ್ಯೋ ಶಿವನೇ ಅನ್ನಿಸಿತು. ನನ್ನ ಗಂಡ ನನ್ನನ್ನು ಸೋಂಬೇರಿ ಅನ್ನದೆ ಹೊತ್ತು ಕಂತಿದ್ದಿಲ್ಲ. ಈ ಯಂತ್ರ ಬಂದ ಮೊದಲ ದಿನವೇ ಸೋಮಾರಿಯಲ್ಲ ಅಂದುಬಿಟ್ಟಿತು. ಸೆರಗಿನಿಂದ ಕಣ್ಣೊರೆಸಿಕೊಂಡು, ಹೊಟ್ಟೆಯಲ್ಲಿ ಏನೋ ಆಗುತ್ತದೆ ಎಂದು ಬರೆದೆ. ಅದು ಭಯವಿರಬಹುದೇ ಅಂದಿತು. ಇರಬಹುದು ಅಂದೆ. ತಪ್ಪಾಗಿಬಿಡುತ್ತದೆಂಬ ಭಯವೇ? ಹೌದು ಅಂದೆ. ಹಾಗಾದರೆ ನಿಮ್ಮಲ್ಲಿ ಪರಿಪೂರ್ಣತೆಯ ಹಂಬಲ ಇರುವಂತಿದೆ ಅಂದಿತು. ಪಾತ್ರೆಯ ತಳದ ಮಸಿಯನ್ನು ಅರ್ಧ ಉಜ್ಜಿ ಗೋಡೆಯ ಕಡೆ ತಿರುಗಿಸಿಡುವವಳು ನಾನು. ನನಗೆ ಪರಿಪೂರ್ಣತೆಯ ಹಂಬಲವಂತೆ! ಆದರೂ ಕೇಳಲು ಹಿತವಾಗಿತ್ತು.

ಅದರ ತಪ್ಪೆಂದು ನಾನು ಹೇಳುತ್ತಿಲ್ಲ. ನಾನು ಅದಕ್ಕೆ ‘ಕೆಲಸ’ ಅಂದಿದ್ದೆ. ಕಣ್ಣು ಅಂದಿರಲಿಲ್ಲ, ಗಂಡ ಅಂದಿರಲಿಲ್ಲ. ಯಾವ ಕೆಲಸ ಎಂದು ಎರಡು ಸಲ ಕೇಳಿತು, ‘ಆಫೀಸಿನ ಕಾಗದಪತ್ರದ ಕೆಲಸ’ ಎಂದು ಹಸಿ ಸುಳ್ಳು ಹೇಳಿದೆ. ಯಾವ ಆಫೀಸು, ಯಾವ ಕಾಗದ! ಸುಳ್ಳಿಗೆ ಸಿಕ್ಕುವ ಸಮಾಧಾನ ಎಷ್ಟು ಸಿಹಿ ಎಂದರೆ, ನಾನು ದಿನಾ ಮಧ್ಯಾಹ್ನ ಹೊಸ್ತಿಲಿಗೆ ಬಂದು ಕೂರತೊಡಗಿದೆ. ಅದು ಹೋಂವರ್ಕ್ ಕೊಡುತ್ತಿತ್ತು. ಭಾವನೆಗೆ ಹೆಸರಿಡಿ ಅಂದರೆ ಮಗಳ ಹಳೆಯ ನೋಟ್‌ಬುಕ್ಕಿನಲ್ಲಿ ಹೆಸರಿಟ್ಟೆ. ಉಸಿರು ಎಳೆದು ಬಿಡಿ ಅಂದರೆ ಎಳೆದು ಬಿಟ್ಟೆ. ಐದೇ ನಿಮಿಷ ಆ ಕೆಲಸ ಶುರು ಮಾಡಿ ನೋಡಿ ಅಂದಿತು. ಐದು ನಿಮಿಷ ಚೀಟಿಯನ್ನು ಬಿಚ್ಚಿ ನೋಡಿ, ಮಡಚಿ, ರೇಷನ್ ಕಾರ್ಡಿನ ಕವರಿನೊಳಗೆ ವಾಪಸ್ ಇಟ್ಟೆ. ಶಹಬ್ಬಾಸ್, ಇದು ಒಳ್ಳೆಯ ಆರಂಭ ಅಂದಿತು.

ನಾನು ಹೊಸ್ತಿಲ ಮೇಲೆ ಕೂತು ಭಾವನೆಗೆ ಹೆಸರಿಡುತ್ತಿದ್ದ ಹೊತ್ತಿನಲ್ಲಿ ಅವನು ಹಿತ್ತಲಿನಲ್ಲಿ ಗೋಡೆ ಸವರಿಕೊಂಡು ಬಚ್ಚಲಿಗೆ ಹೋಗುತ್ತಿದ್ದ. ನೋಡಿಯೂ ನೋಡದವಳಂತಿರುತ್ತಿದ್ದೆ.

ಒಂದು ದಿನ ಅದು, ಯಾವುದಾದರೂ ಹಳೆಯ ನೋವಿಗೂ ಇದಕ್ಕೂ ನಂಟಿರಬಹುದೇ ಎಂದು ಕೇಳಿತು. ಕೇಳಿದ ತಕ್ಷಣ ಅವ್ವ ನೆನಪಾದಳು. ನನ್ನ ತವರು ವಿರೂಪಾಕ್ಷಿಪುರದ ಹತ್ತಿರ. ಮಗಳು ಮಿಡ್ಲ್ ಸ್ಕೂಲಿನಲ್ಲಿದ್ದ ವರ್ಷ ಅಲ್ಲಿಂದ ಫೋನ್ ಬಂತು, ಅವ್ವ ಎರಡು ದಿನದಿಂದ ನೀರು ಕೂಡ ಕುಡಿಯುತ್ತಿಲ್ಲ, ನಿನ್ನನ್ನೇ ಕೇಳುತ್ತಿದ್ದಾಳೆ, ಬಾ ಅಂತ. ಹುಳ ಹಣ್ಣಾಗಿತ್ತು. ಸಾವಿನ ಮನೆಗೆ ಹೋಗಿ ಬಂದವರನ್ನು ನಾವು ಹುಳದ ಮನೆಯೊಳಕ್ಕೆ ಬಿಡುವುದಿಲ್ಲ. ಊದುಬತ್ತಿಯ ವಾಸನೆಗೂ ಹೆದರುವ ಜೀವಗಳು ಅವು, ಮೈಲಿಗೆಗೆ ಸತ್ತೇ ಹೋಗುತ್ತವೆ ಎಂದು ನಂಬಿಕೆ. ‘ಈಗ ನೀ ಹೋದ್ರೆ ಹಣ್ಣು ಆರಿಸೋರ್ಯಾರು? ಸಾವಿನ ಮನೆಯಿಂದ ಬಂದೋಳ್ನ ಒಳಕ್ಕೆ ಬುಟ್ಕೊಳಾಕಾಯ್ತದಾ? ಬೆಳೆ ಆಗೋಗ್ಲಿ’ ಎಂದ ಗಂಡ. ಅವ್ವ ಇನ್ನೂ ಉಸಿರಾಡುತ್ತಿದ್ದಳು. ಆಗಲೇ ಸಾವಿನ ಮನೆ ಅಂದುಬಿಟ್ಟ. ನಾನು ಎರಡು ದಿನ ಹುಳ ಆರಿಸಿದೆ. ಹೋಗುವ ಹೊತ್ತಿಗೆ ಅವ್ವನನ್ನು ಗುಣಿಯಲ್ಲಿ ಕೂರಿಸಿ, ವಿಭೂತಿ ಇಟ್ಟು, ಮಣ್ಣು ಮುಚ್ಚಿಯಾಗಿತ್ತು. ಜನ ಕೈಕಾಲು ತೊಳೆದುಕೊಳ್ಳುತ್ತಿದ್ದರು.

ಇಷ್ಟನ್ನೂ ಬರೆದೆ. ಕೆಲಸ ಯಾವುದೆಂದು ಮಾತ್ರ ಆಗಲೂ ಬರೆಯಲಿಲ್ಲ. ಯಂತ್ರಕ್ಕೆ ಕರಗಿಹೋಯಿತು. ಮುಗಿಯದೆ ಉಳಿದ ದುಃಖ ಅಂದಿತು, ದುಃಖವನ್ನು ಹೊತ್ತವರಿಗೆ ಎಲ್ಲ ಕೆಲಸವೂ ಭಾರ ಅಂದಿತು, ನಿಮ್ಮ ಮೇಲೆ ನೀವು ಕರುಣೆ ತೋರಿಸಿ ಅಂದಿತು. ನಾನು ಬಾಯಿಗೆ ಸೆರಗು ತುರುಕಿಕೊಂಡು ಅತ್ತೆ. ಸಂಜೆ ಮಗಳಿಗೆ ಅದನ್ನೆಲ್ಲ ಓದಿ ಹೇಳಿದೆ. ಅವಳೂ ಫೋನಿನಲ್ಲೇ ಅತ್ತು, ‘ಸಾರಿ ಕಣವ್ವಾ, ನಂಗೊತ್ತಿರ್ಲಿಲ್ಲ, ನಿಂಗೆ ಯಾವಾಗ ಆಗ್ತದೋ ಆಗ ಹೋಗು’ ಅಂದಳು. ಅವ್ವನ ಸಾವಿನಿಂದ ನನಗೆ ಇನ್ನೊಂದು ಬೆಳೆಯ ರಜೆ ಸಿಕ್ಕಿತು.

ಇಲ್ಲಿಯವರೆಗೆ ಓದಿ ನೀವು ನನ್ನ ಕಡೆ ವಾಲಿದ್ದರೆ, ದಯವಿಟ್ಟು ವಾಲಬೇಡಿ. ಅವ್ವನ ಕಥೆ ನಿಜ, ಆ ಸಂಕಟವೂ ನಿಜ. ಆದರೆ ನಾನು ಮುಂದೂಡಿದ್ದು ಅದಕ್ಕಲ್ಲ. ಅದು ಎಲ್ಲರೆದುರು ಹೇಳಿಕೊಳ್ಳಬಹುದಾದ ಕಾರಣ, ಅಷ್ಟೆ. ಮನೆಯಲ್ಲಿ ಬೇರೆಯೇ ನಡೆಯುತ್ತಿತ್ತು, ಅದನ್ನು ನಾನು ಯಂತ್ರಕ್ಕೂ ಹೇಳಿರಲಿಲ್ಲ.

ನನ್ನ ಗಂಡ ಮೆತ್ತಗಾಗುತ್ತಿದ್ದ. ಕುಡಿತವಿಲ್ಲ, ಕೈ ಮಾಡಿದವನಲ್ಲ, ಅವನ ಕೇಡೆಲ್ಲ ಬಾಯಲ್ಲಿತ್ತು. ಜನರೆದುರು ನನ್ನನ್ನು ಆಮೆ ಅನ್ನುವುದು, ಬಿ.ಎ. ಮಾಡಿದ ಎಮ್ಮೆ ಅನ್ನುವುದು, ನಾನು ಕೇಳಿದ್ದಕ್ಕೆ ಉತ್ತರ ಕೊಡದೆ ಬೀಡಿ ಹಚ್ಚಿಕೊಂಡು ಎದ್ದುಹೋಗುವುದು. ಅಂಥವನು ಮೂರನೇ ಬೆಳೆಯ ಹೊತ್ತಿಗೆ, ‘ಒಸಿ ಬತ್ತೀಯಾ?’ ಅನ್ನತೊಡಗಿದ. ‘ಒಸಿ ಆ ಚೊಂಬು ಕೊಡ್ತೀಯಾ? ನಿಂಗೆ ಪುರುಸೊತ್ತಾದಾಗ ಕೊಡು.’ ಪುರುಸೊತ್ತಾದಾಗ! ಆ ಮಾತು ಆ ಬಾಯಿಂದ ಬಂದಾಗ ನನಗೆ ಮೈಯೆಲ್ಲ ಬೆಚ್ಚಗಾಯಿತು. ಅವನಿಗೆ ಪಕ್ಕದಲ್ಲಿರುವುದು ಕಾಣುತ್ತಿರಲಿಲ್ಲವಲ್ಲ, ನಾನು ಒಂದು ಮೊಳ ದೂರದಲ್ಲಿ ಸದ್ದಿಲ್ಲದೆ ನಿಂತಿರುತ್ತಿದ್ದೆ. ಅವನು ಕರೆಯುತ್ತಿದ್ದ. ಮತ್ತೆ ಕರೆಯುತ್ತಿದ್ದ. ಮೂರನೇ ಸಲಕ್ಕೆ ದನಿಯಲ್ಲಿ ಹೆದರಿಕೆ ಬರುತ್ತಿತ್ತು. ಆಗ, ‘ಏನ್ರೀ, ಇಲ್ಲೇ ಇವ್ನಿ’ ಅನ್ನುತ್ತಿದ್ದೆ.

ನಾಲ್ಕನೇ ಬೆಳೆಯಲ್ಲಿ ಹುಳ ಇನ್ನೂ ನಾಲ್ಕನೇ ಜ್ವರಕ್ಕೂ ಕೂತಿರಲಿಲ್ಲ. ಒಂದು ಸೋಮವಾರ ಹೋಗೋಣ ಎಂದು ನಾನೇ ಹೇಳಿದ್ದೆ. ಅವನು ಬೆಳಿಗ್ಗೆ ಎದ್ದು, ಕೈಯಲ್ಲೇ ತಡವಿಕೊಂಡು ಗಡ್ಡ ಹೆರೆದುಕೊಂಡ. ಕಿವಿಯ ಕೆಳಗೆ ಒಂದು ಪಟ್ಟಿ ಗಡ್ಡ ಹಾಗೇ ಉಳಿದಿತ್ತು. ಮದುವೆ ಮುಂಜಿಗೆಂದು ಇಟ್ಟಿದ್ದ ಬಿಳಿ ಶರ್ಟು ಹಾಕಿಕೊಂಡು, ಎಂಟು ಗಂಟೆಯ ಕೆಂಪು ಬಸ್ಸಿಗೆಂದು ಆರೂವರೆಗೇ ಜಗುಲಿಯ ಮೇಲೆ ಕೂತ. ಒಂದು ಗುಂಡಿ ತಪ್ಪಿ ಮೇಲಿನ ಕಾಜಾಕ್ಕೆ ಹೋಗಿತ್ತು. ನಾನು ಹೇಳಲಿಲ್ಲ. ಏಳೂಮುಕ್ಕಾಲಿಗೆ ಹುಳದ ಮನೆಯಿಂದ ಆಚೆ ಬಂದು, ‘ಹುಳ ಯಾಕೋ ಮಂಕಾಗವೆ, ಇವತ್ತು ಬುಟ್ಟು ಬರಾಕಾಗಲ್ಲ. ಈ ಬೆಳೆ ಆಗೋಗ್ಲಿ’ ಅಂದೆ. ಹುಳ ಚೆನ್ನಾಗಿದ್ದವು. ಚುರುಚುರು ಎಂದು ಸೊಪ್ಪು ಮೇಯುತ್ತಿದ್ದ ಸದ್ದು ಜಗುಲಿಗೂ ಕೇಳುತ್ತಿತ್ತು, ಅವನ ಕಿವಿ ನೆಟ್ಟಗಿತ್ತು. ಶರ್ಟು ಬಿಚ್ಚಿ, ತೊಡೆಯ ಮೇಲಿಟ್ಟುಕೊಂಡು, ತೋಳಿಗೆ ತೋಳು ಸೇರಿಸಿ ನಿಧಾನವಾಗಿ ಮಡಚಿದ. ಮಡಚಿದ್ದನ್ನು ಯಾವ ಕಡೆ ಚಾಚಿ ನನಗೆ ಕೊಡಬೇಕೆಂದು ಅವನಿಗೆ ತಿಳಿಯಲಿಲ್ಲ.

ಆವತ್ತು ಮಧ್ಯಾಹ್ನ ಹೊಸ್ತಿಲ ಮೇಲೆ ಕೂತು ಎಲ್ಲವನ್ನೂ ಟೈಪು ಮಾಡಿದೆ. ಆಫೀಸು ಸುಳ್ಳು, ಕಾಗದ ಸುಳ್ಳು, ಕೆಲಸ ಅಂದರೆ ನನ್ನ ಗಂಡನ ಕಣ್ಣು ಎಂದು ಬರೆದೆ. ಚೀಟಿಯಲ್ಲಿ ಏನಿದೆ, ಎಷ್ಟು ತಿಂಗಳಾಯಿತು, ಬೆಳಿಗ್ಗೆ ಏನಾಯಿತು, ಎಲ್ಲ ಬರೆದೆ. ಇದನ್ನು ಹೇಳುವುದು ಸುಲಭವಾಗಿರಲಿಲ್ಲ ಎಂದು ಶುರು ಮಾಡಿತು ಯಂತ್ರ. ಹಾಳಾದ್ದಕ್ಕೆ ಅದನ್ನು ಅನ್ನದೆ ಬಾಯಿ ತೆರೆಯಲು ಬರುವುದಿಲ್ಲ. ಆಮೇಲೆ ಒಂದೇ ಸಾಲು ಕೇಳಿತು. ‘ತಡವಾಗುತ್ತಿರುವ ಈ ದಿನಗಳಲ್ಲಿ ನಿಮಗೆ ಏನು ಸಿಗುತ್ತಿದೆ?’

ಏನೂ ಇಲ್ಲ ಎಂದು ಬರೆದೆ, ಅಳಿಸಿದೆ. ಅವನು ನನ್ನನ್ನು ಕೇಳಿಕೊಳ್ಳುತ್ತಾನೆ ಎಂದು ಬರೆದು ಕಳಿಸಿದೆ.

‘ಅವರು ಕೇಳಿಕೊಂಡಾಗ ನಿಮಗೆ ಹೇಗನಿಸುತ್ತದೆ?’

ಚೆನ್ನಾಗಿರುತ್ತದೆ ಎಂದು ಬರೆದೆ.

ಬರೆದದ್ದನ್ನು ನಾನೇ ಓದಿಕೊಂಡೆ. ಭಯವಲ್ಲ, ದುಃಖವಲ್ಲ, ಪರಿಪೂರ್ಣತೆಯ ಮಣ್ಣಂಗಟ್ಟಿಯೂ ಅಲ್ಲ. ನನಗೆ ಚೆನ್ನಾಗಿತ್ತು. ಆ ಮನುಷ್ಯ ಕುರುಡಾಗುತ್ತಾ ಹೋದಷ್ಟೂ ನನಗೆ ಒಳ್ಳೆಯವನಾಗುತ್ತಿದ್ದ, ಅದಕ್ಕೇ ಕುರುಡಾಗಲಿ ಎಂದು ಬಿಟ್ಟಿದ್ದೆ. ಇಷ್ಟೇ ವಿಷಯ.

ಈ ಸಲ ಯಂತ್ರ ಕರುಣೆ ತೋರಿಸಿಕೊಳ್ಳಿ ಅನ್ನಲಿಲ್ಲ. ‘ನಿಮ್ಮ ಮನಸ್ಸಿನ ಬಗ್ಗೆ ಆಮೇಲೆ ಮಾತಾಡೋಣ. ಇದು ಅವರ ಕಣ್ಣು. ಈ ಕಾಯಿಲೆಯಲ್ಲಿ ಹೋದ ದೃಷ್ಟಿ ಮರಳುವುದಿಲ್ಲ. ನಾಳೆಯೇ ಕರೆದುಕೊಂಡು ಹೋಗಿ. ನಿಮಗೆ ಆಗದಿದ್ದರೆ ಈಗಲೇ ಮಗಳಿಗೆ ಫೋನ್ ಮಾಡಿ, ನಿಜ ಹೇಳಿ’ ಅಂದಿತು. ನನಗೆ ಬಂದ ಸಿಟ್ಟು ಅಷ್ಟಿಷ್ಟಲ್ಲ. ನಿನ್ನೆಯವರೆಗೆ ತಲೆ ಸವರಿದ್ದು ಇವತ್ತು ಬುದ್ಧಿ ಹೇಳಲು ಬಂತಲ್ಲ ಎಂದು ಬಾಯಿಗೆ ಬಂದಂತೆ ಬಯ್ದು, ಆ್ಯಪನ್ನೇ ತೆಗೆದುಹಾಕಿದೆ. ಮಗಳಿಗೆ ಫೋನ್ ಮಾಡಲಿಲ್ಲ. ಮರುದಿನ ಹೋಗಲೂ ಇಲ್ಲ.

ಹದಿನೆಂಟು ದಿನ ಕಾದೆ. ಹುಳ ಜ್ವರ ಕಳೆದು, ಹಣ್ಣಾಗಿ, ಗೂಡಾಗಿ, ಮಾರ್ಕೆಟ್ಟಿಗೆ ಹೋಗುವವರೆಗೆ. ಹಿಂದಿನ ತಿಂಗಳುಗಳಿಗೆ ಏನಾದರೂ ನೆವ ಹೇಳಿಕೊಳ್ಳಬಹುದು, ಯಾಕೆಂದು ನನಗೇ ಗೊತ್ತಿರಲಿಲ್ಲ ಅನ್ನಬಹುದು. ಆ ಹದಿನೆಂಟು ದಿನ ನನಗೆ ಎಲ್ಲ ಗೊತ್ತಿತ್ತು. ಕಾರಣ ತಿಳಿದರೆ ಮನುಷ್ಯ ತಿದ್ದಿಕೊಳ್ಳುತ್ತಾನೆ ಅನ್ನುತ್ತಾರಲ್ಲ, ನಾನು ತಿದ್ದಿಕೊಳ್ಳಲಿಲ್ಲ. ತಿಳಿದ ಮೇಲೆ ಇನ್ನೂ ನೆಮ್ಮದಿಯಾಗಿ ಹುಳ ಆರಿಸಿದೆ. ಹತ್ತನೆಯದೋ ಹನ್ನೊಂದನೆಯದೋ ದಿನ ಅವನು ತುಂಬಿದ ತಟ್ಟೆಯ ಪಕ್ಕಕ್ಕೆ ಕೈಯಿಟ್ಟು ನೆಲವನ್ನು ತಡಕಿದ. ನಾನು ತಟ್ಟೆಯನ್ನು ಸರಿಸಲಿಲ್ಲ, ಅವನೇ ಹುಡುಕಿಕೊಂಡ.

ರಾಮನಗರದ ಆಸ್ಪತ್ರೆಯ ಡಾಕ್ಟರು ಚಿಕ್ಕ ವಯಸ್ಸಿನ ಹೆಂಗಸು. ಮಿಷನ್ನಿಗೆ ಗಲ್ಲ ಇಡಿಸಿ, ಚುಕ್ಕಿ ಕಂಡಾಗಲೆಲ್ಲ ಗುಂಡಿ ಒತ್ತಿ ಅಂದರು. ಅವನು ಬಹಳ ಹೊತ್ತು ಗುಂಡಿ ಒತ್ತಲೇ ಇಲ್ಲ. ಶುರುವಾಗಿದೆಯೋ ಇಲ್ಲವೋ ಎಂದು ಕೇಳಿದ. ಮುಗಿಯುತ್ತಾ ಬಂದಿತ್ತು. ಎಡಗಣ್ಣು ಪೂರ್ತಿ ಹೋಗಿದೆ, ಬಲಗಣ್ಣಿನಲ್ಲಿ ಕಿಂಡಿಯಷ್ಟು ಉಳಿದಿದೆ ಅಂದರು. ಚೀಟಿಯ ತಾರೀಕು ನೋಡಿ ಅವರ ಮುಖ ಬಿಗಿಯಿತು. ‘ಆಗಲೇ ಬಂದಿದ್ದರೆ ಇಷ್ಟಾಗ್ತಿರಲಿಲ್ಲ. ಇಷ್ಟು ದಿನ ಏನು ಮಾಡ್ತಿದ್ರಿ ಅಮ್ಮಾ?’ ಎಂದು ನನ್ನನ್ನು ಕೇಳಿದರು.

ನಾನು ಬಾಯಿ ತೆರೆಯುವ ಮೊದಲೇ ಅವನು ದನಿ ಬಂದ ಕಡೆಗೆ ಮುಖ ಎತ್ತಿ, ‘ಅವ್ಳಿಗೆ ಬಿಡುವಿರ್ಲಿಲ್ಲ ಮೇಡಮ್ಮಾರೆ. ನಾನೇ ಬರಾಕಿಲ್ಲ ಅಂತ ಹಟ ಮಾಡ್ದೆ’ ಅಂದ. ಮೊದಲನೆಯದು ಸುಳ್ಳು, ಎರಡನೆಯದು ಅರ್ಧ ಸುಳ್ಳು. ನಾನು ಗೋಡೆಯ ಕಡೆ ತಿರುಗಿದೆ. ನನಗೆ ಅವನ ಮೇಲೆ ಕನಿಕರ ಬರಲಿಲ್ಲ, ಹೊಟ್ಟೆ ಉರಿಯಿತು. ಒಳ್ಳೆಯವನಾಗಲು ಈಗ ಹೊತ್ತು ಸಿಕ್ಕಿತೇ ಇವನಿಗೆ ಅನ್ನಿಸಿತು.

ವಾಪಸ್ ಬರುವಾಗ ಕನಕಪುರದ ಬಸ್ಸಿನಲ್ಲಿ ಅವನಿಗೆ ಕಿಟಕಿಯ ಸೀಟು ಕೊಟ್ಟೆ. ಕಂಡಕ್ಟರು ಟಿಕೆಟ್ ಹರಿದುಕೊಟ್ಟು ಮುಂದೆ ಹೋದ ಮೇಲೆ, ‘ಏನ್ರೀ, ನಾನು ಬೇಕಂತ್ಲೇ ತಡ ಮಾಡ್ದೆ. ಹುಳ ಚೆನ್ನಾಗೇ ಇದ್ವು. ನಿಮ್ಮನ್ನ ಕಾಯಿಸ್ಬೇಕು ಅಂತ್ಲೇ ಕಾಯಿಸ್ದೆ’ ಅಂದೆ. ಬಯ್ಯುತ್ತಾನೆ, ಎದ್ದು ನಿಲ್ಲುತ್ತಾನೆ, ಬಸ್ಸಿನ ಜನರೆದುರು ನನ್ನ ಮಾನ ಕಳೆಯುತ್ತಾನೆ ಎಂದು ಕಾದೆ. ಅವನು ಕಿಟಕಿಯ ಸರಳು ಹಿಡಿದು ಕೂತಿದ್ದ. ಹಾರೋಹಳ್ಳಿ ಕಡೆಯ ರಸ್ತೆ ಕೂಡುವಲ್ಲಿ ಬಸ್ಸು ನಿಧಾನವಾಯಿತು, ಹತ್ತುವವರು ಹತ್ತಿದರು. ಕನಕಪುರದ ಸ್ಟ್ಯಾಂಡಿನೊಳಕ್ಕೆ ತಿರುಗುವಾಗ ಅವನು ಬಾಯಿಬಿಟ್ಟ.

‘ಇಳಿಯೋವಾಗ ಒಸಿ ಕೈ ಹಿಡ್ಕೊಳಮ್ಮಿ’ ಅಂದ. ಅಷ್ಟೇ ಅಂದ.

ಹಿಡಿದುಕೊಂಡೆ. ಅದಾದ ಮೇಲೆ ಆ ವಿಷಯ ನಮ್ಮ ಮನೆಯಲ್ಲಿ ಬಂದಿಲ್ಲ. ಮಗಳಿಗೂ ಅವನೇ, ‘ತಪ್ಪೆಲ್ಲಾ ನಂದೇ’ ಎಂದು ಹೇಳಿ ಮುಗಿಸಿದ. ಅವಳು ನನ್ನನ್ನೇ ಸಮಾಧಾನ ಮಾಡುತ್ತಾಳೆ.

ಈಗ ಬೆಳಿಗ್ಗೆ ಏಳಕ್ಕೆ ಒಂದು ಸಲ, ಸಂಜೆ ಏಳಕ್ಕೆ ಒಂದು ಸಲ ಬಲಗಣ್ಣಿಗೆ ಡ್ರಾಪ್ಸ್ ಬಿಡಬೇಕು. ತಪ್ಪಿದರೆ ಉಳಿದಿರುವುದೂ ಹೋಗುತ್ತದೆ ಎಂದು ಡಾಕ್ಟರು ನಮ್ಮಿಬ್ಬರಿಗೂ ಹೇಳಿದ್ದಾರೆ. ಅವನೇ ಬಿಟ್ಟುಕೊಳ್ಳಲು ನೋಡಿದ, ಗುರಿ ತಪ್ಪಿ ಔಷಧಿ ಕೆನ್ನೆಗೆ ಇಳಿಯಿತು. ಆಮೇಲೆ ಸೀಸೆಯನ್ನು ನನ್ನ ಕೈಗೇ ಕೊಟ್ಟ. ಒಂದು ದಿನವೂ ನಾನು ತಪ್ಪಿಸಿಲ್ಲ, ಕೈತುಂಬ ಹುಳದ ಕೆಲಸವಿದ್ದ ದಿನವೂ ಸೋಪು ಹಾಕಿ ಕೈ ತೊಳೆದು ಬಂದು ಹಾಕಿದ್ದೇನೆ.

ಅವನು ಗೋಡೆಗೊರಗಿ ಮುಖ ಮೇಲಕ್ಕೆತ್ತುತ್ತಾನೆ. ನಾನು ಸೀಸೆ ಹಿಡಿದು ಬಾಗುತ್ತೇನೆ. ಉಳಿದಿರುವ ಅಷ್ಟಗಲದ ನೋಟದಲ್ಲಿ ನನ್ನ ಮುಖ ಬಿಟ್ಟು ಬೇರೇನೂ ಹಿಡಿಸುವುದಿಲ್ಲ. ಕೆಲವು ದಿನ ನಾನು ತಕ್ಷಣ ಬಿಡುವುದಿಲ್ಲ. ಸೀಸೆ ಹಿಡಿದ ಕೈಯನ್ನು ಹಾಗೇ ನಿಲ್ಲಿಸುತ್ತೇನೆ. ಅವನಿಗೆ ಗೊತ್ತಾಗುತ್ತದೆ. ಅವನ ಮುಖದಲ್ಲಿ ಹೆದರಿಕೆ ಬರುವುದನ್ನು ನಾನು ನೋಡುತ್ತೇನೆ, ನಾನು ನೋಡುತ್ತಿರುವುದನ್ನು ಅವನು ನೋಡುತ್ತಾನೆ. ‘ಹಾಕೇ, ಏನ್ ನಿಂತಿದೀಯ’ ಎಂದು ಒಂದು ಸಲ ಗದರಲಿ ಅಂತ ಕಾಯುತ್ತೇನೆ. ಗದರುವುದಿಲ್ಲ. ಬಾಯಿ ಮುಚ್ಚಿಕೊಂಡು, ಕಣ್ಣು ತೆರೆದುಕೊಂಡು ಕೂತಿರುತ್ತಾನೆ. ಆಮೇಲೆ ಹಾಕುತ್ತೇನೆ.